ಇಲ್ಸಾ ಕ್ರೋನರ್ ಅವರ ಹೆಸರಿಗೆ ಜಾಗ

ಜರ್ಮನಿಯ ಶ್ರೀಮತಿ ಇಲ್ಸಾ ಕ್ರೋನರ್ ಅವರು ನಲವತ್ತು ವರ್ಷಗಳಲ್ಲಿ ಮೂವತ್ತನಾಲ್ಕು ಚಲನಚಿತ್ರಗಳಿಗೆ ಚಿತ್ರಕಥೆ ಬರೆದಿದ್ದು, ಯಾವುದರಲ್ಲಿಯೂ ಅವರ ಹೆಸರು ಇರುವುದಿಲ್ಲ. ಬೇರೆಯವರು ಬರೆದು ಕೆಡಿಸಿದ್ದನ್ನು ರಿಪೇರಿ ಮಾಡುವುದು ಅವರ ಕೆಲಸವಾಗಿತ್ತು. ರಿಪೇರಿಯವರ ಹೆಸರನ್ನು ಯಾರೂ ಹಾಕಿಸುವುದಿಲ್ಲ.

ಇಂಥವರನ್ನು ಎಂಬತ್ತೊಂದನೆಯ ವಯಸ್ಸಿನಲ್ಲಿ ಶಿವಮೊಗ್ಗಕ್ಕೆ ಕರೆಸಿ ಸನ್ಮಾನಿಸುವುದೆಂದು ಚಿತ್ರರಸಿಕರ ಮಹಾಸಮಿತಿಯು ತೀರ್ಮಾನಿಸಿತು. ಹಠ ಹಿಡಿದವರು ಭದ್ರಾವತಿ ನ್ಯೂಟೌನಿನ ಹೇಮಶ್ರೀ. ವಿದೇಶಕ್ಕೆ ಹೋಗುವ ನರ್ಸುಗಳಿಗೆ ಜರ್ಮನ್ ಹೇಳಿಕೊಡುವ ಈಕೆ ಆರು ವರ್ಷ ಇಲ್ಸಾ ಅವರಿಗೆ ಪತ್ರ ಬರೆದಿದ್ದರು. ಆ ಮುದುಕಿ ಕಣ್ಣು ಮುಚ್ಚುವುದರೊಳಗೆ ತನ್ನ ಹೆಸರನ್ನು ಒಂದು ಸಲವಾದರೂ ಅಚ್ಚಿನಲ್ಲಿ ನೋಡಬೇಕು ಎಂಬುದೊಂದೇ ಹೇಮಶ್ರೀಯ ಆಸೆ. ಆಹ್ವಾನ ಪತ್ರಿಕೆಯಲ್ಲಾದರೂ ಸರಿಯೇ.

ಮೊದಲ ಕರಡಿನಲ್ಲಿ ಇಲ್ಸಾ ಅವರ ಹೆಸರು ನಟ್ಟನಡುವೆ ಇತ್ತು. ಶಿಷ್ಟಾಚಾರದಂತೆ ಉದ್ಘಾಟಕರು, ಅಧ್ಯಕ್ಷರು, ಘನ ಉಪಸ್ಥಿತಿ, ಗೌರವ ಉಪಸ್ಥಿತಿ ಸೇರಿದವು. ಬಿಟ್ಟುಹೋದವರು ಮುನಿಸಿಕೊಂಡದ್ದರಿಂದ ‘ವಿಶೇಷ ಉಪಸ್ಥಿತಿ’ಯನ್ನೂ, ಅದಕ್ಕೂ ಒಗ್ಗದವರಿಗಾಗಿ ‘ಬಂದರೆ ಉಪಸ್ಥಿತಿ’ಯನ್ನೂ ಸೃಷ್ಟಿಸಲಾಯಿತು. ಏಳನೆಯ ಕರಡಿಗೆ ಹೆಸರುಗಳು ನೂರಾಹನ್ನೆರಡಾದವು. ಇನ್ನು ಅಕ್ಷರ ಸಣ್ಣದು ಮಾಡಿದರೆ ಇರುವೆಯೇ ಓದಬೇಕೆಂದು ದುರ್ಗಿಗುಡಿಯ ಪ್ರೆಸ್ಸಿನವರು ಲಿಖಿತವಾಗಿ ತಿಳಿಸಿದರು.

ಕಾರ್ಯದರ್ಶಿ ಕಾಂತರಾಜ್ ಹೇಮಶ್ರೀಯನ್ನು ಕರೆಸಿದರು.

“ಒಂದು ಹೆಸರು ತೆಗೀಲೇಬೇಕು ಮೇಡಂ. ಯಾರ್ದು ತೆಗೆದ್ರೂ ಗಲಾಟೆ. ಗಲಾಟೆ ಮಾಡದೇ ಇರೋರು ಯಾರಿದಾರೆ, ನೀವೇ ಹೇಳಿ.”

“ಸನ್ಮಾನ ಅವರಿಗೇ ಅಲ್ವಾ ಸಾರ್?”

“ಅದರಲ್ಲಿ ಎರಡು ಮಾತಿಲ್ಲ. ಆದ್ರೆ ಅವರಿಗೆ ಅನುಭವ ಇದೆ ಮಾರಾಯ್ರೇ. ಮೂವತ್ನಾಲ್ಕು ಸಲ ಸುಮ್ಮನಿದ್ದೋರು. ನಮ್ಮೋರಿಗೆ ಒಂದು ಸಲಾನೂ ಅಭ್ಯಾಸ ಇಲ್ಲ.”

ಸಮಿತಿಯ ಸಭೆಯು ಇದನ್ನು ಸರ್ವಾನುಮತದಿಂದ ಒಪ್ಪಿತು. ಹೇಮಶ್ರೀ ಮೆಟ್ಟಿಲ ಮೇಲೆ ಕೂತು ಅತ್ತದ್ದನ್ನು ನಡಾವಳಿಯಲ್ಲಿ ದಾಖಲಿಸಿರುವುದಿಲ್ಲ.

ಸಮಾರಂಭದ ದಿನ ನೂರಾಹನ್ನೊಂದು ಮಂದಿಯೂ ಬಂದದ್ದರಿಂದ ಕುರ್ಚಿ ಸಾಲದೆ, ಇಲ್ಸಾ ಅವರನ್ನು ಪರದೆಯ ಹಿಂದೆ ಹಾರದ ಬುಟ್ಟಿಯ ಪಕ್ಕ ಕೂರಿಸಲಾಯಿತು. ಅಧ್ಯಕ್ಷ ಶಂಕರನಾರಾಯಣರು ಭಾಷಣದ ಹಾಳೆಯನ್ನು ಮನೆಯಲ್ಲೇ ಬಿಟ್ಟು ಬಂದಿದ್ದರು. ಇಲ್ಸಾ ಹತ್ತು ನಿಮಿಷದಲ್ಲಿ ಒಂದು ಭಾಷಣ ಬರೆದರು, ಹೇಮಶ್ರೀ ಕನ್ನಡಕ್ಕೆ ತಂದು ಪರದೆಯ ಸಂದಿನಿಂದ ದಾಟಿಸಿದರು. ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿತು. ಎರಡು ರಾತ್ರಿ ನಿದ್ದೆಗೆಟ್ಟು ಬರೆದದ್ದೆಂದು ಅಧ್ಯಕ್ಷರು ತಿಳಿಸಿದರು.

ಕಾಂತರಾಜ್ ವಂದನಾರ್ಪಣೆಯಲ್ಲಿ ಎಲ್ಲ ಹೆಸರುಗಳನ್ನೂ ಓದಿ, “ಪ್ರತ್ಯಕ್ಷವಾಗಿ ಹಾಗೂ ಪರೋಕ್ಷವಾಗಿ ಸಹಕರಿಸಿದ ಸರ್ವರಿಗೂ ಕೃತಜ್ಞತೆಗಳು” ಎಂದು ಮುಗಿಸಿದರು.

ಕೊನೆಗೆ ಹೇಳಿದ್ದೇನೆಂದು ಇಲ್ಸಾ ಕೇಳಿದರು. ಹೇಮಶ್ರೀ ಅರ್ಥ ಹೇಳಿ, “ಅದರಲ್ಲಿ ನೀವೂ ಇದ್ದೀರಿ” ಎಂದರು. ಹೇಳುವಾಗ ಅವರಿಗೆ ನಾಚಿಕೆಯಾಯಿತು.

“ಅದು ಅಚ್ಚಾಗಿದೆಯೇ?”

ಆ ಸಾಲು ಆಹ್ವಾನ ಪತ್ರಿಕೆಯ ಕೆಳತುದಿಯಲ್ಲಿ ಅಚ್ಚಾಗಿತ್ತು. ಹೇಮಶ್ರೀ ಬೆರಳಿಟ್ಟು ತೋರಿಸಿದರು. ಇಲ್ಸಾ ಕನ್ನಡಕ ಸರಿಮಾಡಿಕೊಂಡು ಬಹಳ ಹೊತ್ತು ನೋಡಿದರು. ಆಮೇಲೆ, ಊರಿನಲ್ಲಿ ಎಲ್ಲರಿಗೂ ತೋರಿಸಬೇಕೆಂದು ಹತ್ತು ಪ್ರತಿ ಕೇಳಿ ಪಡೆದರು.