ನಮ್ಮತ್ತೆಯ ಗ್ರೀಕ್ ಪಾಂಡಿತ್ಯ

ಇಡೀ ಹೊಸದುರ್ಗ ತಾಲ್ಲೂಕಿಗೆ ಗ್ರೀಕ್ ಭಾಷೆ ಬಲ್ಲವರು ಒಬ್ಬರೇ ಒಬ್ಬರಿದ್ದರು. ಅವರು ನಮ್ಮ ಸೋದರತ್ತೆ! ನಗಬೇಡಿ. ಬಾಗೂರಿನಲ್ಲಿ ಎಮ್ಮೆ ಕಟ್ಟಿಕೊಂಡು, ಬಾಯಿ ತುಂಬ ಎಲೆ ಅಡಿಕೆ ಹಾಕಿಕೊಂಡು, ಸಹಿ ಹಾಕಿ ಅಂದರೆ ಹೆಬ್ಬೆಟ್ಟು ಚಾಚುತ್ತಿದ್ದ ಹೆಂಗಸಿಗೆ ಗ್ರೀಕ್ ಎಲ್ಲಿಂದ ಬಂತು ಅಂತೀರಾ? ಬಂದದ್ದು ಒಂದೇ ಒಂದು ಶಬ್ದ. ಅದು ಗ್ರೀಕ್ ಎನ್ನುವುದು ಅವಳಿಗೆ ಗೊತ್ತಿರಲಿಲ್ಲ. ಅರ್ಥವಂತೂ ಮೊದಲೇ ಗೊತ್ತಿರಲಿಲ್ಲ. ಆದರೂ ಆ ಒಂದು ಶಬ್ದಕ್ಕೆ ಅವಳು ಹೇಳಿದಷ್ಟು ಅರ್ಥಗಳನ್ನು ಗ್ರೀಸ್ ದೇಶದಲ್ಲೂ ಯಾರೂ ಹೇಳಿರಲಾರರು.

ಆ ಶಬ್ದ ನಾನೇ. ಐರೀನ್. ಅಪ್ಪನದು ಹೊಸದುರ್ಗದ ಪೇಟೆಯಲ್ಲಿ ಕಾಳುಕಡಿ ಅಂಗಡಿ, ಅವ್ವ ದಿನಾ ಲಿಂಗಪೂಜೆ ಮುಗಿಸದೆ ಹನಿ ನೀರು ಕುಡಿಯದವಳು. ಇಂಥ ಮನೆಯಲ್ಲಿ ಹಣೆಗೆ ವಿಭೂತಿ, ಕೊರಳಿಗೆ ಲಿಂಗ, ಹೆಸರಿಗೆ ಐರೀನ್! ಈ ಹೆಸರಿನಿಂದ ನನ್ನ ಮದುವೆಯೇ ನಿಲ್ಲುವುದರಲ್ಲಿತ್ತು ಎಂದರೆ ನಿಮಗೆ ನಂಬಿಕೆ ಬರಬೇಕು. ಅದಕ್ಕೆ ಆಮೇಲೆ ಬರುತ್ತೇನೆ. ಮೊದಲು ಅತ್ತೆಯ ವಿಚಾರ.

ಅತ್ತೆಗೆ ಹೆಸರಿಡುವ ಚಟ. ಕೆಲವರಿಗೆ ನಶ್ಯದ ಚಟ ಇರುತ್ತದಲ್ಲ, ಹಾಗೆ. ಅವಳ ಕೊಟ್ಟಿಗೆಯ ದೊಡ್ಡ ಎಮ್ಮೆಯ ಹೆಸರು ತಹಸೀಲ್ದಾರ್ತಿ. ಯಾಕೆಂದರೆ ಅದು ಬೆಳಗ್ಗೆ ಎಷ್ಟು ಹೊತ್ತಿಗೆ ಹಾಲು ಕೊಡುತ್ತದೆ ಎಂದು ಯಾರೂ ಹೇಳುವಂತಿರಲಿಲ್ಲ, ಕೈಯಲ್ಲಿ ಏನಾದರೂ ಹಿಡಿದು ಹೋಗದಿದ್ದರೆ ಕೊಡುತ್ತಲೂ ಇರಲಿಲ್ಲ. ಒಂದು ಸಲ ನಿಜವಾದ ತಹಸೀಲ್ದಾರರು ಊರಿಗೆ ಬಂದಾಗ ಅತ್ತೆ ಹಿತ್ತಿಲಿನಿಂದ, “ಲೇ ತಹಸೀಲ್ದಾರ್ತಿ, ಸರಿಯಾಗಿ ನಿಂತ್ಕೋ, ಇಲ್ದಿದ್ರೆ ಕಾಲು ಕಟ್ತೀನಿ!” ಎಂದು ಕೂಗಿದಳು. ಜಗುಲಿಯ ಮೇಲೆ ಮಜ್ಜಿಗೆ ಕುಡಿಯುತ್ತಿದ್ದ ಸಾಹೇಬರು ಲೋಟ ಕೆಳಗಿಟ್ಟು ಕಾಲು ಮಡಚಿಕೊಂಡು ನೆಟ್ಟಗೆ ಕೂತರಂತೆ. ನಮ್ಮ ಮಾವ, ಅಂದರೆ ಅತ್ತೆಯ ಗಂಡ, ಅಂದಿನಿಂದ ಅಧಿಕಾರಿಗಳು ಬಂದರೆ ಹೊಲದ ಕಡೆ ಹೋಗಿಬಿಡುತ್ತಿದ್ದರು.

ಇಂಥವಳ ಕೈಗೆ ಮಕ್ಕಳ ಹೆಸರಿಡುವ ಅಧಿಕಾರ ಸಿಕ್ಕರೆ ಏನಾದೀತು? ಸಿಕ್ಕಿತ್ತಲ್ಲ! ನಮ್ಮಲ್ಲಿ ತೊಟ್ಟಿಲು ಶಾಸ್ತ್ರದ ದಿನ ಕೂಸಿನ ಕಿವಿಯಲ್ಲಿ ಹೆಸರು ಕೂಗುವವಳು ಸೋದರತ್ತೆ. ಅವಳು ಬಗ್ಗಿ ಹೆಸರು ಹೇಳಿದ ಕೂಡಲೇ ಸುತ್ತ ನಿಂತ ಹೆಂಗಸರು ನಗುತ್ತಾ ಅವಳ ಬೆನ್ನಿಗೆ ಗುದ್ದಬೇಕು. ಅದೂ ಶಾಸ್ತ್ರ. ಒಮ್ಮೆ ಕಿವಿಗೆ ಬಿದ್ದ ಹೆಸರನ್ನು ಬದಲಾಯಿಸುವಂತಿಲ್ಲ. ನಮ್ಮ ಮನೆತನದಲ್ಲಿ ಹೆಣ್ಣು ಹುಟ್ಟಿದರೆ ಗೌರಮ್ಮ ಎಂದು ತಲೆತಲಾಂತರದಿಂದ ನಿಗದಿಯಾಗಿ ಹೋಗಿತ್ತು. ದೊಡ್ಡ ಗೌರಮ್ಮ, ಸಣ್ಣ ಗೌರಮ್ಮ, ಕೆಂಚ ಗೌರಮ್ಮ, ಅಂಗಡಿ ಗೌರಮ್ಮ! ಹಬ್ಬದ ದಿನ ಯಾರಾದರೂ ಅಂಗಳದಲ್ಲಿ ನಿಂತು “ಗೌರಮ್ಮಾ” ಅಂದರೆ ಅಡುಗೆಮನೆಯೇ ಖಾಲಿಯಾಗುತ್ತಿತ್ತು.

ನನ್ನ ತೊಟ್ಟಿಲಿನ ದಿನ ಅಜ್ಜಿ ಗೌರಮ್ಮ ಎಂಬ ಹೆಸರನ್ನು ನಿರೀಕ್ಷಿಸುತ್ತಾ ಬೆಲ್ಲ ಹಂಚಲು ನಿಂತಿದ್ದರಂತೆ. ಅತ್ತೆ ಬಗ್ಗಿದಳು. ಬೀದಿಗೆಲ್ಲ ಕೇಳುವಂತೆ “ಐರೀನ್” ಎಂದಳು. ಬೆಲ್ಲದ ತಟ್ಟೆ ಹಿಡಿದ ಕೈ ಹಾಗೇ ನಿಂತಿತು. ಆ ದಿನ ಅತ್ತೆಯ ಬೆನ್ನಿಗೆ ಬಿದ್ದ ಗುದ್ದುಗಳಲ್ಲಿ ಶಾಸ್ತ್ರದವು ಕಡಿಮೆ, ನಿಜದವೇ ಹೆಚ್ಚು ಎಂದು ಅವ್ವ ಹೇಳುತ್ತಿದ್ದಳು. “ಇದೆಂಥಾ ಹೆಸರೇ? ಎಲ್ಲಿಂದ ತಂದೆ?” ಎಂದು ಅಜ್ಜಿ ಕೇಳಿದರೆ ಅತ್ತೆ ಬೆನ್ನು ಉಜ್ಜಿಕೊಳ್ಳುತ್ತಾ, “ದೂರದಿಂದ ತಂದೀನಿ. ಖರ್ಚಾಗೈತೆ. ಇಟ್ಕಳ್ರಿ” ಅಂದಳಂತೆ.

ಅಲ್ಲಿಂದ ಶುರುವಾಯಿತು ನೋಡಿ ಅರ್ಥದ ಕಾಟ. ಮಠದ ಸ್ವಾಮಿಗಳು ಮನೆಗೆ ದಯಮಾಡಿಸಿದಾಗ ನನ್ನನ್ನು ಪಾದಕ್ಕೆ ಹಾಕಿದರು. ಸ್ವಾಮಿಗಳು ಹೆಸರು ಕೇಳಿ, ಹುಬ್ಬೇರಿಸಿ, ಇದರ ಅರ್ಥವೇನು ಅಂದರು. ಅತ್ತೆ ಮುಂದೆ ಬಂದು ಕೈಮುಗಿದಳು.

“ಶಿವನ ಮೂರನೇ ಕಣ್ಣಿನ ಹೆಸರು ಬುದ್ಧೀ, ಹಳೇ ಭಾಷೇಲಿ.”

“ಯಾವ ಹಳೇ ಭಾಷೆಯವ್ವಾ?”

“ತಮಗೇ ಗೊತ್ತಿಲ್ಲ ಅಂದ್ರೆ ಎಷ್ಟು ಹಳೇದಿರಬೈದು ನೋಡ್ರಿ!”

ಸ್ವಾಮಿಗಳು ಹೊಟ್ಟೆ ಹಿಡಿದು ನಕ್ಕು ನನ್ನ ತಲೆಯ ಮೇಲೆ ಕೈಯಿಟ್ಟರು. ಸದ್ಯ, ಶಿವನ ಕಡೆಯ ತಕರಾರು ಅಲ್ಲಿಗೆ ಮುಗಿಯಿತು.

ಶಾಲೆಗೆ ಸೇರಿಸಲು ಹೋದಾಗ ಹೆಡ್‌ಮಾಸ್ತರರು ನನ್ನ ವಿಭೂತಿಯನ್ನೂ ಹೆಸರನ್ನೂ ಮತ್ತೆ ಮತ್ತೆ ನೋಡಿದರು. ಒಂದಕ್ಕೊಂದು ತಾಳೆಯಾಗಲಿಲ್ಲ. ಅತ್ತೆ ಅವರಿಗೆ, “ಲೆಕ್ಕದಾಗೆ ಬಲು ಹುಷಾರು ಅಂತ ಅರ್ಥ ಮೇಷ್ಟ್ರೆ, ಬರ್ಕಳ್ರಿ” ಅಂದಳು. ವರ್ಷದ ಕೊನೆಗೆ ನಾನು ಬೇರೆ ಯಾವುದರಲ್ಲೂ ಅಲ್ಲ, ಲೆಕ್ಕದಲ್ಲೇ ಗೋತಾ ಹೊಡೆದೆ! ಹೆಡ್‌ಮಾಸ್ತರರು ದಾರಿಯಲ್ಲಿ ಅತ್ತೆಯನ್ನು ನಿಲ್ಲಿಸಿ ಇದೇನಮ್ಮ ಅಂದರೆ, ಅವಳು ಒಂದಿಷ್ಟೂ ಅಳುಕದೆ, “ಅರ್ಥ ನಾನು ಹೇಳಿದೀನಿ. ಅದಕ್ಕೆ ತಕ್ಕಂಗೆ ಕಲಿಸಾದು ನಿಮ್ಮ ಕೆಲ್ಸ ಅಲ್ವೇನ್ರಿ?” ಎಂದು ಅವರನ್ನೇ ದಬಾಯಿಸಿ ಬಂದಳು.

ಹೊರಕೆರೆದೇವರಪುರದ ಗುಡಿಯಲ್ಲಿ ಅರ್ಚನೆ ಮಾಡಿಸಲು ಹೋದಾಗಿನ ಕಥೆ ಕೇಳಿ. ಪೂಜಾರರು ಸರಾಗವಾಗಿ ಮಂತ್ರ ಹೇಳುತ್ತಾ ಬಂದವರು ನನ್ನ ಹೆಸರಿನ ಹತ್ತಿರ ಗಕ್ಕನೆ ನಿಂತರು. ಎತ್ತಿನ ಗಾಡಿ ಕಲ್ಲಿಗೆ ಸಿಕ್ಕಂತಾಯಿತು. ಅತ್ತೆ ಹಿಂದಿನಿಂದ, “ಹೇಳ್ರಿ, ದೇವರಿಗೆ ಎಲ್ಲಾ ಭಾಷೆ ಬರ್ತಾವೆ, ನಿಮಗೆ ಬರ್ದಿದ್ರೆ ಬಿಡ್ರಿ” ಎಂದಳು. ಪೂಜಾರರಿಗೆ ರೋಷ ಬಂತು. ಗುಡಿ ಅದುರುವಂತೆ ನನ್ನ ಹೆಸರನ್ನು ಕೂಗಿ ಹೂವು ಹಾಕಿದರು. ಅಷ್ಟು ಜೋರಾಗಿ ದೇವರಿಗೆ ಪರಿಚಯವಾದವಳು ಆ ದಿನ ನಾನೊಬ್ಬಳೇ.

ಕಾಲೇಜಿಗೆಂದು ಚಿತ್ರದುರ್ಗಕ್ಕೆ ಹೋದೆ. ಎಪ್ಪತ್ತರ ದಶಕದ ಮೊದಲ ವರ್ಷಗಳು. ಅಲ್ಲಿ ಭಾನುವಾರ ಬಂತೆಂದರೆ ಹಾಸ್ಟೆಲಿನ ಹುಡುಗಿಯರು, “ನೀನು ಚರ್ಚಿಗೆ ಹೋಗಲ್ವಾ?” ಎಂದು ಕೇಳುವುದು, ನಾನು ಕೊರಳಿನ ಲಿಂಗ ತೋರಿಸುವುದು, ಅವರು ಇನ್ನಷ್ಟು ಗಾಬರಿಯಾಗುವುದು, ಇದೇ ಆಯಿತು. ಕೊನೆಗೆ ನಮ್ಮ ಇಂಗ್ಲಿಷ್ ಮೇಷ್ಟ್ರು ಒಂದು ದಿನ ಪಾಠದ ನಡುವೆ ನನ್ನ ಹೆಸರು ಗ್ರೀಕ್ ಭಾಷೆಯದೆಂದೂ, ಅದರ ಅರ್ಥ ಶಾಂತಿ ಎಂದೂ, ಅವರ ಪುರಾಣದಲ್ಲಿ ಆ ಹೆಸರಿನ ದೇವತೆಯೇ ಇದ್ದಾಳೆಂದೂ, ಅವಳ ವಿಗ್ರಹದಲ್ಲಿ ತೋಳಿನ ಮೇಲೆ ಒಂದು ಕೂಸು ಕೂತಿರುತ್ತದೆಂದೂ ಹೇಳಿದರು. ನನಗೆ ನೆಲವೇ ಸಿಗಲಿಲ್ಲ! ಶನಿವಾರ ಬಸ್ಸು ಹತ್ತಿ ಹೊಸದುರ್ಗದಲ್ಲಿಳಿದು, ಮನೆಗೂ ಹೋಗದೆ ಸೀದಾ ಬಾಗೂರಿಗೆ ಹೋದೆ. ಅತ್ತೆ ತಹಸೀಲ್ದಾರ್ತಿಯ ಕೆಳಗೆ ಕೂತು ಹಾಲು ಕರೆಯುತ್ತಿದ್ದಳು.

“ಅತ್ತೇ, ನನ್ನ ಹೆಸರಿನ ಅರ್ಥ ಸಿಕ್ತು! ಶಾಂತಿ ಅಂತೆ!”

“ಶಾಂತಿನಾ?” ಅತ್ತೆ ಕರೆಯುವುದನ್ನು ನಿಲ್ಲಿಸಿದಳು. “ನೀನು ಹುಟ್ಟಿದಾಗಿಂದ ಈ ಹೆಸರಿನ ದೆಸೆಯಿಂದ ಒಂದಿನ ಶಾಂತಿ ಐತಾ ನಮಗೆ? ನಿಮ್ಮ ಮೇಷ್ಟ್ರಿಗೆ ಏನೂ ಗೊತ್ತಿಲ್ಲ, ಬಿಡು.”

“ಅಲ್ಲತ್ತೆ, ದೇವತೆಯಂತೆ. ತೋಳ ಮೇಲೆ ಕೂಸು ಎತ್ಕಂಡಿರ್ತಾಳಂತೆ.”

ಅತ್ತೆ ಕೈ ಒರೆಸಿಕೊಂಡು ನನ್ನ ಕಡೆ ತಿರುಗಿದಳು. “ಕೂಸು ಎತ್ಕಂಡವಳಾ?” ಅಂದಳು. “ಹಂಗಾದ್ರೆ ಮೇಷ್ಟ್ರು ಓದ್ಕಂಡಿರಬೈದು.” ಮತ್ತೆ ಎಮ್ಮೆಯ ಕಡೆ ತಿರುಗಿದಳು.

ಈಗ ಮದುವೆಯ ವಿಚಾರ. ಬಂದ ಮೊದಲ ಸಂಬಂಧ ಹೆಸರು ಕೇಳಿಯೇ ಹಿಂದೆ ಹೋಯಿತು. ಇನ್ನೊಂದು ಕಡೆಯವರು ಹಿರಿಯೂರಿನಿಂದ ಬಂದು ಉಪ್ಪಿಟ್ಟು, ಕೇಸರಿಬಾತು ಎಲ್ಲ ಮುಗಿಸಿ, ಆಮೇಲೆ ಹೆಸರು ಕೇಳಿ, ಬಾಯಿ ಒರೆಸಿಕೊಂಡು ಎದ್ದರು. “ಒಳಗೊಳಗೇ ಏನೋ ಐತೆ, ಕಿರಿಸ್ತಾನರ ಪೈಕಿ ಇರಬೈದು” ಎಂದು ಊರಲ್ಲಿ ಸುದ್ದಿಯಾಯಿತು. ಅಪ್ಪನ ಮುಖ ದಿನದಿನಕ್ಕೆ ಸಣ್ಣದಾಗುತ್ತಿತ್ತು. ಅಷ್ಟರಲ್ಲಿ ಭೀಮಸಮುದ್ರದಿಂದ ಒಂದು ಸಂಬಂಧ ಬಂತು. ಅಡಿಕೆ ವ್ಯಾಪಾರದ ಮನೆ. ಹುಡುಗ ನನ್ನನ್ನು ನೋಡುವ ಗಡಿಬಿಡಿಯಲ್ಲಿ ಕೇಸರಿಬಾತಿನ ಚಮಚವನ್ನು ಅಂಗಿಯ ಜೇಬಿಗೆ ಇಟ್ಟುಕೊಂಡುಬಿಟ್ಟ. ನನಗೆ ಅವನು ಆಗಲೇ ಹಿಡಿಸಿಬಿಟ್ಟ! ಇದೊಂದು ಹೋಗದಿರಲಿ ಎಂದು ಕೊರಳಿನ ಲಿಂಗವನ್ನು ಹಿಡಿದುಕೊಂಡು ಕೂತೆ.

ಅಪ್ಪ ಬೆಳಗ್ಗೆಯೇ ಅತ್ತೆಗೆ ಕೈಮುಗಿದಿದ್ದರು. “ಅಕ್ಕಾ, ಇವತ್ತೊಂದಿನ ಅರ್ಥ ಹೇಳಬ್ಯಾಡ.” ಅತ್ತೆ ತಲೆಯಾಡಿಸಿ, ಬಾಯಿಗೆ ಎಲೆ ಅಡಿಕೆ ತುಂಬಿಕೊಂಡು, ತಾಂಬೂಲದ ತಟ್ಟೆ ಹಿಡಿದು ಕಂಬದ ಪಕ್ಕ ಕೂತಿದ್ದಳು.

ಹುಡುಗನ ತಾಯಿ ಎತ್ತರದ, ಕಡಿಮೆ ಮಾತಿನ ಹೆಂಗಸು. ಎಲ್ಲ ನೋಡಿ, ಕೇಳಿ, ಕೊನೆಗೆ ಹೇಳಿದರು: “ಹುಡುಗಿ ಒಪ್ಪಿಗೆ ಐತೆ. ಹೆಸರೊಂದು ಬದಲಾಯಿಸ್ಕಂತೀವಿ. ನಮ್ಮಲ್ಲಿ ಸೊಸೇನ ಮನೆ ತುಂಬಿಸ್ಕಳಾವಾಗ ಹೊಸ ಹೆಸರು ಕರೆಯಾ ಪದ್ಧತಿ.”

ಅಪ್ಪ ಮರುಮಾತಿಲ್ಲದೆ, “ಆಗ್ಲಿ ಬಿಡ್ರಿ, ಸಂತೋಷ” ಎಂದರು. ಚಿಕ್ಕಂದಿನಿಂದ ಆ ಹೆಸರಿಗಾಗಿ ಎಷ್ಟು ಗೋಳಾಡಿದವಳು ನಾನು! ಆದರೆ ಅದನ್ನು ಬಿಟ್ಟುಹೋಗಬೇಕು ಅಂದಾಗ ಕಣ್ಣು ತುಂಬಿ ಬಂತು. ಬಾಯಿಬಿಟ್ಟರೆ ಸಂಬಂಧ ಹೋಗುತ್ತದೆ. ಬಿಡದಿದ್ದರೆ ಹೆಸರು ಹೋಗುತ್ತದೆ. ತಲೆ ತಗ್ಗಿಸಿ ಕೂತೆ.

“ಬ್ಯಾಡ್ರಿ” ಅಂದಳು ಅತ್ತೆ. ಬಾಯಲ್ಲಿದ್ದುದನ್ನು ಹೊರಗೆ ಉಗಿದು ಬಂದು ನಿಂತಿದ್ದಳು.

“ಯಾಕ್ರಿ? ಅಂಥಾದ್ದೇನೈತೆ ಆ ಹೆಸರಾಗೆ? ಏನದರ ಅರ್ಥ?” ಎಂದರು ಹುಡುಗನ ತಾಯಿ.

ಅಪ್ಪ ಕಣ್ಣು ಮುಚ್ಚಿಕೊಂಡರು. ಅವ್ವ ಸೆರಗು ಬಾಯಿಗೆ ಒತ್ತಿಕೊಂಡಳು. ಇನ್ನೇನು ಬರುತ್ತದೋ, ಅಡಿಕೆ ವ್ಯಾಪಾರಕ್ಕೆ ಹೊಂದುವ ಯಾವ ಅರ್ಥವೋ!

“ಅರ್ಥ ನನಗೆ ಗೊತ್ತಿಲ್ರಿ” ಅಂದಳು ಅತ್ತೆ.

ಅವಳ ಬಾಯಲ್ಲಿ ಆ ಮಾತು ನಾವು ಕೇಳಿದ್ದು ಅದೇ ಮೊದಲು. ನಾನು ಕಾಲೇಜಿನಿಂದ ತಂದುಕೊಟ್ಟ ಶಾಂತಿಯನ್ನೂ ಅವಳು ಎತ್ತಲಿಲ್ಲ. ಅವಳು ನೆಲಕ್ಕೆ ಕೂತಳು.

“ಇವಳಿಗಿಂತ ಮುಂಚೆ ಇವಳವ್ವಗೆ ಎರಡು ಹೆಣ್ಣು ಕೂಸು ಆಗಿದ್ವು. ಎರಡಕ್ಕೂ ನಾನೇ ಕಿವೀಲಿ ಗೌರಮ್ಮ ಅಂತ ಕೂಗಿದ್ದೆ. ಎರಡೂ ತೊಟ್ಟಿಲು ದಾಟಲಿಲ್ಲ. ನನ್ನ ನಾಲಿಗೇನೇ ಸರಿಯಿಲ್ಲ ಅನ್ನಿಸ್ತು. ಇವಳು ಹೊಳಲ್ಕೆರೆ ಆಸ್ಪತ್ರೇಲಿ ಹುಟ್ಟಿದಾಗ ಕೊರಳಿಗೆ ಹೊಕ್ಕಳಬಳ್ಳಿ ಸುತ್ಕಂಡು ನೀಲಿಯಾಗಿದ್ಲು. ಅಲ್ಲಿದ್ದ ನರ್ಸಮ್ಮ ಇವಳ ಕಾಲು ಹಿಡಿದು ತಲೆಕೆಳಗೆ ಮಾಡಿ, ತಟ್ಟಿ, ಬಾಯಿಗೆ ಬಾಯಿಟ್ಟು ಊದಿ, ಅಳೋ ತನಕ ಬಿಡಲಿಲ್ಲ. ಜವರಾಯನ ಕೈಯಿಂದ ಕಿತ್ಕಂಡಂಗೆ ಕಿತ್ಕಂಡ್ಲು ಕಣ್ರಿ. ನಿನ್ನ ಹೆಸರೇನು ತಾಯಿ ಅಂದೆ. ಐರೀನ್ ಅಂದ್ಲು. ಊರಿಗೆ ಬಂದ್ರೆ ಮನೇಲಿ ಗೌರಮ್ಮ ಅಂತಲೇ ಕೂಗು ಅಂದ್ರು. ಊರೋರೆಲ್ಲಾ, ಇದೂ ಉಳಿಯಲ್ಲ, ತಿಪ್ಪೇಲಿ ಉಳ್ಳಾಡ್ಸು, ತಿಪ್ಪಮ್ಮ ಅಂತ ಕೂಗು, ಜವರಾಯ ಅಸಹ್ಯಪಟ್ಟು ಬಿಟ್ಟು ಹೋಗ್ತಾನೆ ಅಂದ್ರು. ಗೌರಮ್ಮ ಅನ್ನಾಕೆ ನಾಲಿಗೆ ಏಳಲಿಲ್ಲ. ತಿಪ್ಪಮ್ಮ ಅನ್ನಾಕೆ ಮನಸ್ಸು ಬರಲಿಲ್ಲ. ಅವನನ್ನ ಓಡಿಸಿದೋಳ ಹೆಸರೇ ಇಟ್ಟೆ. ಆ ಹೆಸರು ಕೇಳಿದ್ರೆ ಅವನು ಈ ಬೀದಿಗೆ ಬರಲ್ಲ ಅಂದ್ಕಂಡೆ. ಬರಲಿಲ್ಲ ನೋಡ್ರಿ.”

ನನಗೆ ಅಕ್ಕಂದಿರಿದ್ದರು ಎನ್ನುವುದು ಗೊತ್ತಾಗಿದ್ದೇ ಆ ಕ್ಷಣ. ಮನೆಯಲ್ಲಿ ಆ ಮಾತನ್ನು ಯಾರೂ ಎತ್ತುತ್ತಿರಲಿಲ್ಲ. ಅವ್ವ ಗೋಡೆಯ ಕಡೆ ತಿರುಗಿ ನಿಂತಿದ್ದಳು. ಊರಿನ ನಗುವನ್ನೂ ಅಜ್ಜಿಯ ಬೈಗುಳವನ್ನೂ ಬೆನ್ನಿನ ಗುದ್ದುಗಳನ್ನೂ ಅತ್ತೆ ಇಷ್ಟು ವರ್ಷ ಯಾಕೆ ಸಹಿಸಿಕೊಂಡಳು, ಕೇಳಿದವರಿಗೆಲ್ಲ ಬಾಯಿಗೆ ಬಂದ ಅರ್ಥ ಯಾಕೆ ಹೇಳಿದಳು ಎಂದು ಆಗ ತಿಳಿಯಿತು. ನಿಜ ಹೇಳಿದ್ದರೆ ಅವ್ವ ಎರಡು ಕೂಸುಗಳನ್ನು ಮತ್ತೆ ಮತ್ತೆ ನೆನೆಯಬೇಕಾಗುತ್ತಿತ್ತು.

ಹುಡುಗನ ತಾಯಿ, “ನನ್ನ ಹೆಸರು ಕೇಳ್ಲಿಲ್ವಲ್ರಿ ನೀವು” ಅಂದರು.

“ಹೌದಲ್ರಿ, ಏನು ತಮ್ಮ ಹೆಸರು?” ಎಂದರು ಅಪ್ಪ.

“ತಿಪ್ಪಮ್ಮ.”

ಅತ್ತೆ ನಾಲಿಗೆ ಕಚ್ಚಿಕೊಂಡಳು. ಮುಗಿಯಿತು ಅಂದುಕೊಂಡೆ. ಆದರೆ ಆಕೆ ಎದ್ದು ಬಂದು ಅತ್ತೆಯ ಪಕ್ಕದಲ್ಲೇ ನೆಲಕ್ಕೆ ಕೂತರು. “ನಮ್ಮವ್ವಗೆ ನನ್ನ ಮುಂದೆ ಹುಟ್ಟಿದವು, ನನ್ನ ಬೆನ್ನಿಗೆ ಬಂದವು, ಯಾವ ಕೂಸೂ ಉಳಿಯಲಿಲ್ಲ. ತಿಪ್ಪೇಲಿ ಉಳ್ಳಾಡ್ಸಿ ನನ್ನೊಬ್ಬಳನ್ನ ಉಳಿಸ್ಕಂಡ್ರು. ಮದುವೇಲಿ ನಮ್ಮತ್ತೆ ಪಾರ್ವತಿ ಅಂತ ಕರೀತೀನಿ ಅಂದ್ರು. ನಾನು ಒಪ್ಪಲಿಲ್ಲ. ಉಳಿಸಿದ ಹೆಸರು ಅದು, ಹೆಂಗೆ ಬಿಡ್ಲಿ?” ನನ್ನ ಕಡೆ ತಿರುಗಿ, ಬಾಯಿ ತಿರುಗದಿದ್ದರೂ ಬಿಡದೆ, “ಐರೀನವ್ವ, ಬಾ. ಹೂ ಮುಡಿಸ್ತೀನಿ” ಎಂದರು.

ಮದುವೆಯಾಯಿತು. ಆ ನರ್ಸಮ್ಮನನ್ನು ನಾನು ನೋಡಲೇ ಇಲ್ಲ. ಯಾವ ಊರಿನವರೋ, ಈಗೆಲ್ಲಿದ್ದಾರೋ. ನನ್ನ ಮೊದಲ ಉಸಿರು ಅವರದು, ಹೆಸರೂ ಅವರದು, ಅದನ್ನು ಕಾಪಾಡಿಕೊಟ್ಟವಳು ಅತ್ತೆ. ಇಷ್ಟು ದೊಡ್ಡ ಋಣ ಹೊತ್ತುಕೊಂಡೂ ಇಷ್ಟು ಹಗುರಾಗಿ ಬದುಕಿದ್ದೇನಲ್ಲ ಎಂದು ಆಶ್ಚರ್ಯವಾಗುತ್ತದೆ.

ಗಂಡನ ಮನೆಗೆ ಹೊರಟ ದಿನ ವ್ಯಾನು ಬೀದಿಯ ತುದಿಗೆ ಹೋಗಿತ್ತು. ಹಿಂದಿನಿಂದ ಅತ್ತೆಯ ಗಂಟಲು ಕೇಳಿಸಿತು. “ಐರೀನಾ!”

“ಓ, ಅತ್ತೇ!” ಎಂದು ಕಿಟಕಿಯಿಂದ ತಲೆ ಹೊರಗೆ ಹಾಕಿದೆ. ಡ್ರೈವರು ಗಾಡಿ ನಿಲ್ಲಿಸಿದ. ಏನು ಮರೆತೆನೋ ಎಂದು ಎಲ್ಲರೂ ಹುಡುಕತೊಡಗಿದರು. ಅತ್ತೆ ಸೀರೆ ಎತ್ತಿಕಟ್ಟಿ ಏದುಸಿರು ಬಿಡುತ್ತಾ ಓಡಿ ಬಂದಳು.

“ಏನತ್ತೇ? ಏನಾಯ್ತು?”

“ಏನಿಲ್ಲ, ಹೋಗ್ಬಾ” ಅಂದಳು. “ಅವೆರಡು ಕೂಸನ್ನೂ ಎಷ್ಟು ಕರೆದ್ರೂ ಓ ಅನ್ನಲಿಲ್ಲ. ನೀನು ಅಂದ್ಯಲ್ಲ. ಸಾಕು.”