ಮೊಳೆ ಅಂಗಡಿಯ ಕಾಣದ ಅಂಕಿ

ತೂಕದ ಮಷೀನಿನ ಹಳೆಯ ಡಿಸ್‌ಪ್ಲೇ ಕೈಕೊಟ್ಟಿದ್ದರಿಂದ ಮೊಳೆ ಅಂಗಡಿಯ ಯಜಮಾನರು ಅದಕ್ಕೊಂದು ಹೊಸ ಎಲ್‌ಸಿಡಿ ಹಾಕಿಸಿದರು. ಹಾಕಿದವನು ಹೆಂಡತಿಯ ತಮ್ಮ. ಹಾಗಾಗಿ ಯಾರೂ ಹೆಚ್ಚು ಪ್ರಶ್ನೆ ಕೇಳಲಿಲ್ಲ.

ಗಿಡ್ಡ ಸ್ಟೂಲಿನ ಮೇಲೆ ಕೂರುವ ಯಜಮಾನರಿಗೆ ಅಂಕಿ ಸೊಗಸಾಗಿ ಕಾಣುತ್ತಿತ್ತು. ಎದುರು ನಿಂತ ಗಿರಾಕಿಗೆ ಕಾಣುತ್ತಿದ್ದುದು ಬರೀ ಹಸಿರು ಬೆಳಕು.

ಒಂದು ಬೆಳಿಗ್ಗೆ ಮೊಳೆ ಕೊಳ್ಳಲು ಬಂದ ಬಡಗಿ ಕತ್ತು ಚಾಚಿ ನೋಡಿದ, ತುದಿಗಾಲಲ್ಲಿ ನಿಂತು ನೋಡಿದ.

"ಅಂಕಿ ಎಲ್ಲಿ ಯಜಮಾನ್ರೇ?"

"ಇದೆಯಲ್ಲಪ್ಪ, ಒಂದು ಕೆಜಿ."

"ನಿಮ್ಮೊಬ್ರಿಗೇ ಕಾಣೋ ತೂಕಾನ ನಾನು ಹೇಗೆ ನಂಬ್ಲಿ?"

ಬಡಗಿ ಜಗಳವಾಡಲಿಲ್ಲ. ಹೊರಗೆ ಹೋಗಿ ತೂಕ-ಅಳತೆ ಇಲಾಖೆಯ ಕಚೇರಿಗೆ ಫೋನು ಮಾಡಿ ದೂರು ಕೊಟ್ಟ. ಮಧ್ಯಾಹ್ನ ತಪಾಸಣೆಗೆ ಸಾಹೇಬರು ಬರುತ್ತಾರೆಂಬ ಸುದ್ದಿ ಅಂಗಡಿಗೆ ಮುಟ್ಟಿತು.

ಯಜಮಾನರು ಭಾವಮೈದುನನಿಗೆ ಹೇಳಿಕಳಿಸಿದರು. ತಂದೆಯ ಕಾಲದಿಂದ ಆ ಅಂಗಡಿಯ ತೂಕಕ್ಕೆ ಯಾರೂ ಬೆರಳು ತೋರಿಸಿರಲಿಲ್ಲ. ಮಷೀನಿಗೆ ಸೀಲು ಬಿದ್ದರೆ ವ್ಯಾಪಾರ ನಿಂತಂತೆ. ಮೋಸಗಾರ ಎಂಬ ಹೆಸರು ಬಿದ್ದರೆ ಬೀದಿಯಲ್ಲಿ ತಲೆಯೆತ್ತಿ ನಡೆಯುವಂತಿಲ್ಲ.

ಭಾವಮೈದುನ ಓಡಿಬಂದ. "ಹೆದರ್ಬೇಡಿ ಭಾವ. ಬೆಳಕಿದೆ ಅಂದ್ರೆ ಕರೆಂಟಿದೆ. ಕಾಂಟ್ರಾಸ್ಟ್ ಹೆಚ್ಚುಕಮ್ಮಿ ಆಗಿರುತ್ತೆ."

ಮಷೀನಿನ ಹಿಂಬದಿಯ ಪುಟ್ಟ ತಿರುಪನ್ನು ತಿರುಗಿಸಿದ. ರಜಾದಿನದಲ್ಲಿ ಬಾಗಿಲೆಳೆದ ಅಂಗಡಿಗಳ ಹಾಗೆ ಕಪ್ಪು ಚೌಕಗಳು ಸಾಲಾಗಿ ನಿಂತವು. ಆ ಕಡೆ ತಿರುಗಿಸಿದರೆ ಅವೂ ಮಾಯ.

ಪಕ್ಕದ ಅಂಗಡಿಯ ದರ್ಜಿ ಕತ್ತಿನಲ್ಲಿ ಟೇಪು ನೇತುಹಾಕಿಕೊಂಡೇ ಬಂದ. "ಒಳಗೆ ತಂತಿ ಸಡಿಲ ಆಗಿರುತ್ತೆ. ನಮ್ಮನೆ ರೇಡಿಯೋಗೂ ಇದೇ ಔಷಧಿ," ಎಂದು ಮಷೀನಿನ ಬೆನ್ನಿಗೆ ಒಂದು ಏಟು ಕೊಟ್ಟ. ಪರದೆಯ ಮೇಲೆ ಯಾವ ಭಾಷೆಗೂ ಸೇರದ ಅಕ್ಷರಗಳು ಮೂಡಿದವು.

"ಓದು ನೋಡೋಣ," ಎಂದರು ಯಜಮಾನರು.

ಭಾವಮೈದುನ ತಂತಿಯ ಪಟ್ಟಿಯನ್ನು ಒತ್ತಿ ಕೂರಿಸಿದ, ತಿರುಪನ್ನು ಹದಕ್ಕೆ ತಂದ. ಅಂಕಿ ಮರಳಿತು, ಕೂತವರಿಗೆ ಮಾತ್ರ.

ಊಟದ ಡಬ್ಬಿ ತಂದಿದ್ದ ಯಜಮಾನರ ಹೆಂಡತಿ ಇದನ್ನೆಲ್ಲ ನೋಡುತ್ತ ನಿಂತಿದ್ದರು. "ಕೂತ್ರೆ ಕಾಣ್ತದೆ, ನಿಂತ್ರೆ ಕಾಣಲ್ಲ. ಇದೆಂಥದ್ದು ತಂದು ಹಾಕಿದ್ಯೋ?"

ಭಾವಮೈದುನ ತಲೆ ಕೆರೆದುಕೊಂಡ. "ಇದು ಕೆಳಗಿಂದ ನೋಡೋ ಜಾತಿ ಅಕ್ಕ. ಎತ್ತರದಲ್ಲಿ ಹಾಕೋದು. ಅಂಗಡೀಲಿ ಅದೇ ಸಿಕ್ತು."

"ಎತ್ತರದಲ್ಲೇ ಇಡಿ ಮತ್ತೆ."

ಮೊಳೆಯ ಪೆಟ್ಟಿಗೆಗಳನ್ನು ಪೇರಿಸಿ ಮಷೀನನ್ನು ಅವುಗಳ ಮೇಲೆ ಕೂರಿಸಿದರು. ಈಗ ನಿಂತವರಿಗೂ ಅಂಕಿ ಕಾಣಿಸಿತು. ಯಜಮಾನರು ಹೊಸ ಮದುಮಗನ ಹಾಗೆ ಮುಖ ತೊಳೆದು ಬಂದು ನಿಂತರು.

ಸಾಹೇಬರು ಬಂದರು, ಹಿಂದೆಯೇ ಬಡಗಿ. ಸಾಹೇಬರು ಡಿಸ್‌ಪ್ಲೇ ನೋಡಿ ತಲೆದೂಗಿದರು. "ಸ್ಪಷ್ಟವಾಗಿದೆ." ಚೀಲದಿಂದ ತಮ್ಮ ಒಂದು ಕೆಜಿ ತೂಕದ ಬಟ್ಟು ತೆಗೆದು ತಟ್ಟೆಯ ಮೇಲಿಟ್ಟರು.

ಒಂಬೈನೂರ ಐವತ್ತು ಗ್ರಾಂ ಎಂದಿತು ಮಷೀನು. ಬೀದಿಗೆ ಬೀದಿಯೇ ಓದಬಹುದಾದಷ್ಟು ಸ್ಪಷ್ಟವಾಗಿ.

"ಏಟಿಂದ ಆಗಿರ್ಬೇಕು ಸಾರ್," ಎಂದರು ಯಜಮಾನರು, ದರ್ಜಿಯ ಕಡೆ ನೋಡುತ್ತ.

"ಹಳೇ ಪೊಟ್ಟಣ ಏನಾದ್ರೂ ಇದ್ಯಾ?" ಸಾಹೇಬರು ಬಡಗಿಯನ್ನು ಕೇಳಿದರು.

ಹೋದ ವಾರ ಇಲ್ಲೇ ಕೊಂಡ, ಇನ್ನೂ ಒಡೆಯದ ಒಂದು ಕೆಜಿ ಮೊಳೆಯ ಪೊಟ್ಟಣವನ್ನು ಬಡಗಿ ಸಾಕ್ಷಿಗೆಂದು ತಂದಿದ್ದ. ಸಾಹೇಬರು ತಮ್ಮದೇ ತಕ್ಕಡಿಯಲ್ಲಿ ಅದನ್ನು ತೂಗಿದರು. ಒಂದು ಕೆಜಿಗಿಂತ ಐವತ್ತು ಗ್ರಾಂ ಜಾಸ್ತಿಯೇ ಇತ್ತು.

"ಇದು ಇವತ್ತಿನ ರೋಗ ಅಲ್ಲ. ಜನಕ್ಕೆ ನೀವು ಮೋಸ ಮಾಡಿಲ್ಲ ಯಜಮಾನ್ರೇ, ನಿಮಗೆ ನೀವೇ ಮಾಡ್ಕೊಂಡಿದ್ದೀರಿ. ಆದ್ರೂ ತಪ್ಪು ತೂಕ ತಪ್ಪೇ," ಎಂದು ಸಾಹೇಬರು ಮಷೀನಿಗೆ ಹಾಕಲು ಸೀಲಿನ ತಂತಿ ಹೊರತೆಗೆದರು.

ಬಡಗಿ ಪೊಟ್ಟಣವನ್ನು ಮೆಲ್ಲಗೆ ಚೀಲಕ್ಕೆ ಸೇರಿಸಿದ. ಬೆರಳು ಮಡಿಸುತ್ತ ಲೆಕ್ಕ ಹಾಕಿದ. ಆಮೇಲೆ ಬಹಳ ವಿನಯದಿಂದ ಮುಂದೆ ಬಂದ.

"ಸಾಹೇಬ್ರೇ, ದೂರು ವಾಪಸ್ ತಗೋತೀನಿ. ನಂಗೆ ಅಂಕಿ ಕಾಣದಿದ್ರೂ ಪರವಾಗಿಲ್ಲ, ಮೊದಲಿನ ಹಾಗೇ ಇರ್ಲಿ."