ಫೋನಿಗೆ ಬಡಿಸುವ ಅಡುಗೆಯವನು

ನಿಮ್ಮ ಚಿಕ್ಕ ತಾತ ಮಾಡಿದ ಸಾರನ್ನು ಉಂಡವರಿಗಿಂತ ನೋಡಿದವರೇ ಹೆಚ್ಚು ಮಕ್ಕಳೇ! ಮದುವೆಮನೆಗಳಲ್ಲಿ ಅಡುಗೆ ಮಾಡುವ ಈ ನನ್ನ ಮೈದುನ ಎಲ್ಲವನ್ನೂ ಮೊದಲು ಫೋನಿಗೆ ತೋರಿಸಬೇಕು. ದೇವರ ನೈವೇದ್ಯವೂ ಆಮೇಲೆಯೇ.

ಅಮೃತಾಪುರದ ಮದುವೆಯೊಂದರಲ್ಲಿ ಜನ ಎಲೆ ಮುಂದೆ ಕೂತಾಗಿತ್ತು. ಇವನು ಒಳಗೆ ವಿಡಿಯೋಗೆಂದು ಮತ್ತೆ ಮತ್ತೆ ಒಗ್ಗರಣೆ ಹಾಕುತ್ತಲೇ ಇದ್ದ. ಮೊದಲನೆಯದಕ್ಕೆ ಬೆಳಕು ಸಾಲಲಿಲ್ಲವಂತೆ, ಎರಡನೆಯದಕ್ಕೆ ಯಾರೋ ಅಡ್ಡ ಬಂದರಂತೆ. ಆ ದಿನದ ಸಾರಿನಲ್ಲಿ ಬೇಳೆಗಿಂತ ಸಾಸಿವೆಯೇ ಹೆಚ್ಚು! ಆದರೆ ವಿಡಿಯೋದಲ್ಲಿ ರುಚಿ ಕಾಣುತ್ತದೆಯೇ? ಕಡೂರು, ಅಜ್ಜಂಪುರ, ಲಿಂಗದಹಳ್ಳಿಯಿಂದೆಲ್ಲ ಕರೆ ಬಂದವು. ತಲೆಗೊಂದು ಉದ್ದನೆಯ ಬಿಳಿ ಟೋಪಿಯೂ ಬಂತು. ಒಲೆಗೆ ಬಗ್ಗಿದಾಗ ಅದು ಹೊತ್ತಿಕೊಂಡಿತು. ಆ ವಿಡಿಯೋವನ್ನು ಜನ ಇನ್ನೂ ಹೆಚ್ಚು ನೋಡಿದರು.

ಕೆಟ್ಟದ್ದು ಸಿಂಗಟಗೆರೆಯಲ್ಲಿ. ತೀರಿಹೋದ ಅಜ್ಜಿಯೊಬ್ಬರ ತಿಥಿ ಊಟ. ಇವನು ಮದುವೆಮನೆಯ ಅಭ್ಯಾಸಬಲದಿಂದ ಪಂಕ್ತಿಯ ನಡುವೆ ಫೋನು ಹಿಡಿದು, “ಈ ಮನೇಲಿ ಇಂಥ ಕಾರ್ಯ ಮೇಲಿಂದ ಮೇಲೆ ಆಗ್ಲಿ, ಅಡುಗೆ ನಮಗೇ ಸಿಗ್ಲಿ” ಎಂದುಬಿಟ್ಟ. ಹೇಳುವಾಗ ಫೋನು ತಿರುಗಿದ್ದು ಆ ಅಜ್ಜಿಯ ಗಂಡನ ಕಡೆಗೆ! ಪಾಪ, ಅವರು ಅರ್ಧಕ್ಕೇ ಎದ್ದು ಕೈ ತೊಳೆದರು.

ವಿಡಿಯೋ ಊರೂರು ಸುತ್ತಿತು. ಒಪ್ಪಿಕೊಂಡಿದ್ದ ಮದುವೆಗಳೆಲ್ಲ ಒಂದೊಂದಾಗಿ ಕೈತಪ್ಪಿದವು. ಉಳಿದದ್ದು ತರೀಕೆರೆಯ ಒಂದೇ ಮದುವೆ. ಅವರೂ ಹೊಸ ವಿಡಿಯೋ ನೋಡಿ ತೀರ್ಮಾನಿಸುತ್ತೇವೆ ಎಂದಿದ್ದರು. ಅದೂ ತಪ್ಪಿದರೆ ಈ ಕಸುಬೇ ಮುಗಿದಂತೆ.

ವಿಡಿಯೋದಲ್ಲಿ ಉಣ್ಣುವವರು ಬೇಕಲ್ಲ? ಪಾತ್ರೆ ಸಮೇತ ನಮ್ಮ ಮನೆಗೆ ಬಂದು ನನ್ನ ಮುಂದೆ ಎಲೆ ಹಾಸಿದ. ಫೋಟೋ ಎಂದರೆ ಬಾಗಿಲ ಹಿಂದೆ ಸರಿಯುವವಳು ನಾನು. ಸಾಲದ್ದಕ್ಕೆ, ಗಂಡ ಹೋದವರನ್ನು ಶುಭಕಾರ್ಯದಲ್ಲಿ ಮುಂದೆ ಬಿಡದ ರೂಢಿ ನಮ್ಮ ಕಡೆ ಇನ್ನೂ ಇದೆ.

“ಮದ್ವೆ ಅಡುಗೆಗೆ ನನ್ನ ಮುಖ ತೋರಿಸ್ತೀಯೇನಪ್ಪಾ? ಇರೋದೂ ಹೋಗುತ್ತೆ” ಎಂದೆ.

“ಅಣ್ಣ ಹೋದ್ಮೇಲೆ ನೀವು ಮೊದಲ್ನೇ ಪಂಕ್ತೀಲಿ ಕೂತಿದ್ದೇ ನೋಡಿಲ್ಲ ಅತ್ಗೆ. ಕೂತ್ಕಳಿ.”

ಕೂತೆ. ತಲೆ ತಗ್ಗಿಸಿಯೇ ಉಂಡೆ. ಅವನು ನಿಂತಲ್ಲೇ ವಿಡಿಯೋ ಹಾಕಿದ. ನಾನು ಪಾಯಸ ಮುಗಿಸುವಷ್ಟರಲ್ಲಿ ತರೀಕೆರೆಯವರ ಕರೆ. ಆ ಬರೀ ಹಣೆಯ ಹೆಂಗಸಿನ ವಿಡಿಯೋ ತೆಗೆದುಹಾಕಿದರೆ ಮದುವೆ ನಿಮಗೇ ಎಂದದ್ದು ನನಗೂ ಕೇಳಿಸಿತು.

“ಅವ್ರು ನಮ್ಮತ್ಗೆ ಕಣ್ರೀ. ಅದು ಇರುತ್ತೆ. ನೀವು ಬೇರೆಯವರನ್ನ ನೋಡ್ಕಳಿ” ಎಂದು ಫೋನು ಇಟ್ಟ.

ನಾನು ಏಳಲು ಹೊರಟೆ. ಅನ್ನದ ಪಾತ್ರೆ ತಂದ. ಬೇಡವೆಂದು ಎಲೆಗೆ ಕೈ ಅಡ್ಡ ಹಿಡಿದೆ.

“ಕೈ ತೆಗೀರಿ ಅತ್ಗೆ” ಎಂದ. “ಮಜ್ಜಿಗೆಗೆ ಇನ್ನೊಂಚೂರು ಅನ್ನ ಹಾಕಿಸ್ಕಳಿ.”